ಏಳು, ಮಳೆ, ಹೊಳೆ

“ನಿನ್ನಿ ಸಂಜಿ ಏಳಕ್ಕ ಮಳಿ ಬಿತ್ತು, ಹೊಳಿಗಿ ನೀರು ಬಂತು.” ಇಂಡಿಯ ಸಂತೆಯಲ್ಲಾಗಲಿ, ಸಿಂದಗಿಯ ಬಸ್ಸಿನಲ್ಲಾಗಲಿ ಇಂಥ ಮಾತು ಕಿವಿಗೆ ಬೀಳುವುದು ಸಹಜ. ಅದರಲ್ಲಿ ವಿಶೇಷವೇನೂ ಇಲ್ಲವೆಂದು ತೋರೀತು. ಆದರೆ ಏಳು, ಮಳಿ, ಬಿತ್ತು, ಹೊಳಿ ಎಂಬ ಈ ನಾಲ್ಕು ಶಬ್ದಗಳಲ್ಲಿಯೂ ಒಂದು ಕಾಲಕ್ಕೆ ಒಂದು ವ್ಯಂಜನವಿತ್ತು. ಇಂದು ಅದು ನಮ್ಮ ಬಾಯಲ್ಲಿ ಇಲ್ಲ. ಅದೇ ೞ. ವ್ಯಾಕರಣಕಾರರು ಅದನ್ನು ರೞ ಎಂದರು. ಏೞು, ಮೞೆ, ಬೀೞ್, ಪೊೞೆ ಎಂಬುವು ಆ ಶಬ್ದಗಳ ಹಳೆಯ ರೂಪಗಳು.

ಇದರ ಉಚ್ಚಾರವೆಂತು? ಳ ಎನ್ನುವಾಗ ನಾಲಗೆಯ ತುದಿ ಹಿಂದಕ್ಕೆ ಮಡಚಿ ಅಂಗುಳನ್ನು ಮುಟ್ಟುತ್ತದೆ. ಉಸಿರು ನಾಲಗೆಯ ಎರಡೂ ಪಕ್ಕಗಳಿಂದ ಹೊರಡುತ್ತದೆ. ೞ ಎನ್ನುವಾಗಲೂ ತುದಿ ಮಡಚುತ್ತದೆ, ಆದರೆ ಅಂಗುಳನ್ನು ಮುಟ್ಟುವುದಿಲ್ಲ. ಉಸಿರು ನಡುವಿನಿಂದಲೇ ಹರಿದು ಹೋಗುತ್ತದೆ. ಜಗತ್ತಿನ ಹೆಚ್ಚಿನ ಭಾಷೆಗಳಲ್ಲಿ ಈ ಧ್ವನಿ ಇಲ್ಲ. ಆಸ್ಟ್ರೇಲಿಯದ ವಾರ್ಲ್‌ಪಿರಿಯಂಥ ಆದಿವಾಸಿ ಭಾಷೆಗಳಲ್ಲಿ ಉಂಟು. ನಮ್ಮ ನೆರೆಯ ಮಲಯಾಳದಲ್ಲಿ, ತಮಿಳಿನಲ್ಲಿ ಉಂಟು. ‘ತಮಿೞ್’ ಎಂಬ ಹೆಸರೇ ಅದರಿಂದ ಮುಗಿಯುತ್ತದೆ. ಆದರೆ ತಮಿಳರಲ್ಲಿಯೂ ಅನೇಕರು ಆಡುಮಾತಿನಲ್ಲಿ ಅದನ್ನು ಳ ಎಂದೇ ನುಡಿಯುತ್ತಾರೆ. ತೆಲುಗಿನಲ್ಲಿ ಅದು ಹೆಚ್ಚಾಗಿ ಡ ಆಯಿತು: ನಮ್ಮ ಏಳು ಅವರಿಗೆ ಏಡು, ನಮ್ಮ ಕೋಳಿ ಅವರಿಗೆ ಕೋಡಿ. ಇಂಡಿ, ಸಿಂದಗಿಯವರು ಭೀಮೆಯನ್ನೂ ಮುದ್ದೇಬಿಹಾಳದವರು ಕೃಷ್ಣೆಯನ್ನೂ ಹೊಳಿ ಎನ್ನುತ್ತಾರಷ್ಟೆ. ಕೇರಳದ ‘ಪುೞ’ ಅದರ ಒಡಹುಟ್ಟು. ಆಲಪ್ಪುೞ ಎಂಬ ಊರ ಹೆಸರಿನಲ್ಲಿರುವುದು ಅದೇ ಹೊಳೆ.

ಇಂಡಿ ತಾಲೂಕಿನ ಸಾಲೋಟಗಿಯಲ್ಲಿ ಕ್ರಿ. ಶ. 945ರ ಶಾಸನವೊಂದುಂಟು, ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲದಲ್ಲಿ ಅಲ್ಲಿಯ ವಿದ್ಯಾಶಾಲೆಗೆ ಬಿಟ್ಟ ದತ್ತಿಯನ್ನು ಅದು ಹೇಳುತ್ತದೆ. ಆ ಕಾಲದ ಕನ್ನಡ ಬರಹದಲ್ಲಿ ೞ ಇನ್ನೂ ಇತ್ತು. ಆದರೆ ಅದು ಇರಬೇಕಾದಲ್ಲಿ ಳ ಬರೆಯುವ ಬೆರಕೆಯೂ ತಲೆಯೆತ್ತಿತ್ತು. ಬಾಗೇವಾಡಿಯ ಬಸವಣ್ಣನವರ ಶತಮಾನ ಕಳೆದು ಹದಿಮೂರನೆಯ ಶತಮಾನಕ್ಕೆ ಬಂದರೆ, ಕೇಶಿರಾಜನು ‘ಶಬ್ದಮಣಿದರ್ಪಣ’ದಲ್ಲಿ ೞ ಇರುವ ಶಬ್ದಗಳನ್ನು ಪಟ್ಟಿಮಾಡಿಯೇ ಕೊಡಬೇಕಾಯಿತು. ಕಿವಿಗೆ ತಿಳಿಯುವುದನ್ನು ಯಾರೂ ಪಟ್ಟಿಮಾಡಿ ಕಲಿಸುವುದಿಲ್ಲ.

ಹಾಗಾದರೆ ೞ ಪೂರ್ತಿ ಅಳಿಯಿತೆ? ಇಲ್ಲ. ಕೇಳು, ಕೇಳಿದ; ಆಳು, ಆಳಿದ ಎನ್ನುತ್ತೇವೆ. ಏಳು, ‘ಏಳಿದ’, ಬೀಳು, ‘ಬೀಳಿದ’ ಎಂದು ಯಾರೂ ಅನ್ನುವುದಿಲ್ಲ. ಎದ್ದ, ಬಿದ್ದ ಎನ್ನುತ್ತೇವೆ. ಏಕೆ? ಮೊದಲಿನೆರಡರಲ್ಲಿ ಇದ್ದುದು ಳ, ಕೊನೆಯೆರಡರಲ್ಲಿ ಇದ್ದುದು ೞ. ತನ್ನ ಮುಂದೆ ವ್ಯಂಜನ ಬಂದಾಗ ೞ ಮೊದಲು ರಕಾರವಾಗಿ, ಬಳಿಕ ಮುಂದಿನ ವ್ಯಂಜನದಲ್ಲಿ ಕರಗಿತು: ಬಿೞ್ದು, ಬಿರ್ದು, ಬಿದ್ದು. ಅಳು, ಅತ್ತ; ಉಳು, ಉತ್ತ ಎಂಬುವೂ ಹೀಗೆಯೇ. ‘ಕೞ್ತೆ’ ಎಂಬುದು ಕತ್ತೆಯಾಯಿತು. ತಮಿಳರಿಗೆ ಅದು ಇನ್ನೂ ‘ಕೞುದೈ’. ಎಲ್ಲವೂ ಈ ದಾರಿ ಹಿಡಿಯಲಿಲ್ಲ. ‘ಪೇೞ್’ ಎಂಬುದು ಹೇಳು, ಹೇಳಿದ ಎಂದಾಯಿತು.

ಇದು ಬರಿಯ ಪಂಡಿತರ ವಿನೋದವಲ್ಲ. ಹಳಗನ್ನಡದಲ್ಲಿ ಬಾಳ್ ಎಂದರೆ ಖಡ್ಗ, ಬಾೞ್ ಎಂದರೆ ಬದುಕು. ಪೊಳೆ ಎಂದರೆ ಮಿಂಚು, ಪೊೞೆ ಎಂದರೆ ನದಿ. ಹಳೆಯ ಶಾಸನವನ್ನೋ ಕಾವ್ಯವನ್ನೋ ಅಚ್ಚು ಹಾಕುವಾಗ, ಈಗಿನವರಿಗೆ ಸುಲಭವಾಗಲೆಂದು ೞ ಬದಲು ಳ ಹಾಕಿದರೆ ಖಡ್ಗವೂ ಬದುಕೂ ಒಂದೇ ಆಗಿಬಿಡುತ್ತವೆ. ಗಣಕಯಂತ್ರಗಳ ಯೂನಿಕೋಡ್ ಪಟ್ಟಿಯಲ್ಲಿ ಈ ಅಕ್ಷರಕ್ಕೆ ಸ್ಥಾನವೇನೋ ದೊರೆತಿದೆ. ಆದರೆ ತಪ್ಪಿನಿಂದ ಅದಕ್ಕೆ ‘ಫ’ ಎಂಬ ಹೆಸರು ಬಿದ್ದಿದೆ. ಒಮ್ಮೆ ಇಟ್ಟ ಹೆಸರನ್ನು ಬದಲಿಸಬಾರದೆಂಬುದು ಅಲ್ಲಿಯ ನಿಯಮ. ಬಳಸುವವರಿಲ್ಲದ ಅಕ್ಷರದ ಗತಿ ಹೀಗೆ.

ಹಳ್ಳಿಯ ಮಾತು ಒರಟೆಂದು ಮೂಗು ಮುರಿಯುವವರಿದ್ದಾರೆ. ಆದರೆ ಬರೆಯುವವರ ಕೈ ಕೈಬಿಟ್ಟ ೞದ ಹೆಜ್ಜೆಗುರುತನ್ನು ಇಷ್ಟು ಶತಮಾನ ಕಾದುಕೊಂಡು ಬಂದುದು ಅಕ್ಷರವರಿಯದವರ ನಾಲಗೆಯೇ. ಅಂಗಳದಲ್ಲಿ ಆಡುವ ಮಗು ಎಡವಿ, “ಅವ್ವಾ, ಬಿದ್ದೆ!” ಎಂದು ಕೂಗಿದಾಗ ಮೊದಲು ಅದನ್ನು ಎತ್ತಿಕೊಳ್ಳಿರಿ, ಆಮೇಲೆ ಆ ಒಂದು ಮಾತನ್ನು ಮತ್ತೊಮ್ಮೆ ನೆನೆಯಿರಿ.