ಮೂಕಚಿತ್ರಗಳಲ್ಲಿ ಪುರಾಣಕಥನ



ಮಾತನ್ನೇ ಕಸುಬಾಗಿ ಉಳ್ಳ ಅಧ್ಯಾಪಕನಿಗೆ ಮಾತಿಲ್ಲದ ಚಿತ್ರಗಳ ವಿಷಯವನ್ನು ವಹಿಸಿದ್ದೀರಿ. ಇದು ಕಾರ್ಯದರ್ಶಿಗಳ ವಿನೋದವೋ ಎಚ್ಚರಿಕೆಯೋ ತಿಳಿಯದು.

1870ರಲ್ಲಿ ತ್ರ್ಯಂಬಕೇಶ್ವರದಲ್ಲಿ ಜನಿಸಿದ ದಾದಾಸಾಹೇಬ ಫಾಲ್ಕೆಯವರು ಮುಂಬಯಿಯಲ್ಲಿ ಕ್ರಿಸ್ತನ ಜೀವನದ ಚಿತ್ರವೊಂದನ್ನು ಕಂಡರು. ಪರದೆಯ ಮೇಲೆ ಕ್ರಿಸ್ತನು ಸುಳಿಯುತ್ತಿರಲು ತಮ್ಮ ಮನಸ್ಸು ರಾಮಕೃಷ್ಣರನ್ನೂ ಗೋಕುಲ ಅಯೋಧ್ಯೆಗಳನ್ನೂ ಕಾಣುತ್ತಿತ್ತೆಂದು ಅವರೇ ಬರೆದಿದ್ದಾರೆ. ಆ ಹಂಬಲದ ಫಲವೇ 1913ರ ಮೇ 3ರಂದು ಮುಂಬಯಿಯ ಕಾರೊನೇಷನ್ ಚಿತ್ರಮಂದಿರದಲ್ಲಿ ಪ್ರದರ್ಶಿತವಾದ 'ರಾಜಾ ಹರಿಶ್ಚಂದ್ರ'. ತಾರಾಮತಿಯ, ಎಂದರೆ ನಮ್ಮ ರಾಘವಾಂಕನ ಚಂದ್ರಮತಿಯ, ಪಾತ್ರಕ್ಕೆ ಹೆಂಗಸರಾರೂ ಒಪ್ಪಲಿಲ್ಲ. ಕಡೆಗೆ ಊಟದ ಮನೆಯೊಂದರಲ್ಲಿ ಕೆಲಸಕ್ಕಿದ್ದ ಸಾಳುಂಕೆ ಎಂಬ ಯುವಕನು ಸೀರೆಯುಟ್ಟನು. 1917ರ 'ಲಂಕಾದಹನ'ದಲ್ಲಿ ಅವನೇ ರಾಮ, ಅವನೇ ಸೀತೆ!

ನಡುನಡುವೆ ಹಿಂದಿ ಇಂಗ್ಲಿಷುಗಳಲ್ಲಿ ನಾಲ್ಕು ಸಾಲು ಬರಹ ಮೂಡುತ್ತಿತ್ತು. ಅದನ್ನು ಓದಲರಿಯದವನಿಗೂ ಕಥೆ ನಿಲ್ಲುತ್ತಿರಲಿಲ್ಲ. ವಿಶ್ವಾಮಿತ್ರನ ಹುಬ್ಬು ಗಂಟಿಕ್ಕಿದೊಡನೆ ಮುಂದಿನದೆಲ್ಲ ಪ್ರೇಕ್ಷಕನಿಗೆ ಗೊತ್ತು. ನಮ್ಮ ತಾಳಮದ್ದಳೆಯನ್ನು ನೆನೆಯಿರಿ: ಅಲ್ಲಿ ವೇಷವಿಲ್ಲ, ಕುಣಿತವಿಲ್ಲ, ಇರುವುದೆಲ್ಲ ಹಾಡು, ಮಾತು, ಮೂಕಚಿತ್ರದಲ್ಲಿ ವೇಷವುಂಟು, ಮಾತಿಲ್ಲ. ಎರಡರಲ್ಲಿಯೂ ಉಳಿದರ್ಧವನ್ನು ಕೇಳುಗನೋ ನೋಡುಗನೋ ಮನೆಯಿಂದ ತರಬೇಕು.

ಆ ಬುತ್ತಿ ಈಗ ಎಷ್ಟು ಮನೆಗಳಲ್ಲಿ ಕಟ್ಟಲ್ಪಡುತ್ತಿದೆ? ಲೋಹಿತಾಶ್ವನಾರೆಂದು ಈಚೆಗೆ ನನ್ನ ತರಗತಿಯಲ್ಲಿ ಕೇಳಿದೆ. ಕೆಲವೇ ಕೈಗಳು ಎದ್ದವು. ವಿಚಾರಿಸಿದರೆ, ಅವರೆಲ್ಲರ ಮನೆಯಲ್ಲಿ ಕನ್ನಡದಲ್ಲಿ ಕಥೆ ಹೇಳುವ ಅಜ್ಜಿಯರಿದ್ದರು. ಉಳಿದ ಮಕ್ಕಳು ದಡ್ಡರೇನಲ್ಲ. ಅವರಿಗೆ ಯಾರೂ ಹೇಳಿರಲಿಲ್ಲ, ಅಷ್ಟೆ. ಪಾಠಪಟ್ಟಿಯನ್ನು ಮುಗಿಸುವ ಆತುರದಲ್ಲಿ ನಾನೂ ಹೇಳಿರಲಿಲ್ಲ. ಅಂದು ವ್ಯಾಕರಣವನ್ನು ಬದಿಗಿಟ್ಟು ಕಥೆ ಹೇಳಿದೆ.

ಫಾಲ್ಕೆಯವರ ಚಿತ್ರಗಳಲ್ಲಿ ನನಗೆ ಅತ್ಯಂತ ಪ್ರಿಯವಾದುದು 1919ರ 'ಕಾಲಿಯಾಮರ್ದನ'. ಕೃಷ್ಣನಾದವಳು ಅವರ ಮಗಳು, ಏಳು ವರ್ಷದ ಮಂದಾಕಿನಿ. ಕಥೆಗೆ ಮೊದಲು ಆ ಬಾಲಿಕೆಯ ಮುಖವನ್ನೇ ತೋರಿಸುತ್ತಾರೆ. ಭಾವಗಳು ಒಂದೊಂದಾಗಿ ಅಲ್ಲಿ ಸುಳಿಯುತ್ತವೆ. ಬಳಿಕ ಅದೇ ಮುಖವು ಕೃಷ್ಣನ ವೇಷದಲ್ಲಿ ಕಾಣುತ್ತದೆ. ಇವಳು ಹುಡುಗಿ ಎಂದು ತಾವೇ ಸಾರಿದ ಮೇಲೆ ಭಕ್ತಿಗೆ ಭಂಗ ಬಾರದೆ ಎಂದು ಪಂಡಿತರು ಕೇಳಬಹುದು. ಚೌಕಿಯಲ್ಲಿ ಬಣ್ಣ ಹಚ್ಚುವುದನ್ನು ಇಣುಕಿ ನೋಡಿ ಬಂದ ನಮ್ಮ ಹುಡುಗರು, ಗಳಿಗೆಯ ತರುವಾಯ ರಂಗಸ್ಥಳದಲ್ಲಿ ಅದೇ ವೇಷವು ಅಬ್ಬರಿಸಿದಾಗ ತಾಯಿಯ ಸೆರಗನ್ನು ಹಿಡಿಯುವುದಿಲ್ಲವೆ?