ತೌಬಾತೆಯ ಎಂಟು ಕೈದಿಗಳು

ಬ್ರೆಜಿಲ್‌ನ ಸಾವೊ ಪೌಲೊ ನಗರದ ಕರಾಂಡಿರು ಜೈಲಿನಲ್ಲಿ 1992ರ ಅಕ್ಟೋಬರ್ 2ರಂದು ಕೈದಿಗಳ ನಡುವೆ ಹೊಡೆದಾಟ ಶುರುವಾಯಿತು. ಅಡಗಿಸಲೆಂದು ಪೊಲೀಸರು ಬಂದೂಕು ಹಿಡಿದು ಒಳನುಗ್ಗಿದರು. ಅಂದು ಸತ್ತ ಕೈದಿಗಳು 111. ಪೊಲೀಸರಲ್ಲಿ ಒಬ್ಬರೂ ಸಾಯಲಿಲ್ಲ. ಮರುವರ್ಷ ಆಗಸ್ಟ್‌ನಲ್ಲಿ ಅದೇ ರಾಜ್ಯದ ತೌಬಾತೆ ಜೈಲಿನಲ್ಲಿ ಎಂಟು ಕೈದಿಗಳು ಕೂಡಿ ಪಿಸಿಸಿ ಎಂಬ ಕೂಟ ಕಟ್ಟಿದರು. ಜೈಲಿನ ದಬ್ಬಾಳಿಕೆಗೆ ಎದುರು ನಿಲ್ಲುತ್ತೇವೆ, ಕರಾಂಡಿರು ಮತ್ತೆ ನಡೆಯಲು ಬಿಡುವುದಿಲ್ಲ ಎಂಬುದು ಅವರ ಮಾತು.

ಕೈದಿಗಳು ಆ ಮಾತನ್ನು ನಂಬಿದರು. ಯಾಕೆ ನಂಬಿದರು ಎಂಬುದೇ ನನಗೆ ಮುಖ್ಯ. ಆ ಜೈಲುಗಳಲ್ಲಿ ಕಾಲು ಚಾಚಲು ಜಾಗವಿರಲಿಲ್ಲ. ಸೋಪು, ಔಷಧಿ, ವಕೀಲ ಯಾವುದಕ್ಕೂ ಸರಕಾರವನ್ನು ನೆಚ್ಚುವಂತಿರಲಿಲ್ಲ. ಬಲವಿದ್ದವನು ಇಲ್ಲದವನನ್ನು ದೋಚುತ್ತಿದ್ದ, ಅತ್ಯಾಚಾರವನ್ನೂ ಮಾಡುತ್ತಿದ್ದ. ಪಿಸಿಸಿ ಅತ್ಯಾಚಾರವನ್ನು ನಿಷೇಧಿಸಿತು. ಮುಂದೆ ಕ್ರ್ಯಾಕ್ ಎಂಬ ಮಾದಕವಸ್ತು ಸೇದುವುದನ್ನೂ ನಿಲ್ಲಿಸಿತು. ಜಗಳವಾದರೆ ಪಂಚಾಯಿತಿ ಕೂರಿಸಿ ತೀರ್ಪು ಕೊಟ್ಟಿತು. ದೂರದ ಜೈಲುಗಳಿಗೆ ಹೆಂಡತಿ ಮಕ್ಕಳು ಬಂದು ಹೋಗಲು ಬಸ್ಸು ಮಾಡಿಸಿತು. ಇದಕ್ಕೆಲ್ಲ ಹೊರಗಿದ್ದ ಸದಸ್ಯರು ತಿಂಗಳು ತಿಂಗಳು ವಂತಿಗೆ ಕೊಡಬೇಕಿತ್ತು. ಆ ವಂತಿಗೆಗೆ ಅವರಿಟ್ಟ ಹೆಸರು 'ಈರುಳ್ಳಿ'. ಬಿಡುಗಡೆಯಾದವನು ಯಾಕೆ ಕೊಡುತ್ತಾನೆ ಎಂದು ಕೇಳಬಹುದು. ಕಳ್ಳದಂಧೆಯವನು ಇಂದಲ್ಲ ನಾಳೆ ಮತ್ತೆ ಒಳಗೆ ಹೋಗುವವನೇ. ಅಲ್ಲಿ ಕಾಯುತ್ತಿರುವವರು ಇವರೇ. ಹೀಗಾಗಿ ಒಳಗೆ ಆಳಿದವರು ಬೀದಿಯನ್ನೂ ಆಳಿದರು.

ನಾಯಕರನ್ನು ಚದುರಿಸಿದರೆ ಕೂಟ ಮುರಿಯುತ್ತದೆಂದು ಸರಕಾರ ಅವರನ್ನು ಜೈಲಿನಿಂದ ಜೈಲಿಗೆ ಸಾಗಿಸಿತು. ಹೋದಲ್ಲೆಲ್ಲ ಅವರು ಹೊಸಬರನ್ನು ಸೇರಿಸಿಕೊಂಡರು. 2001ರ ಫೆಬ್ರವರಿಯ ಒಂದು ಭಾನುವಾರ, ಮನೆಯವರು ನೋಡಲು ಬರುವ ದಿನ, ಮೊಬೈಲ್‌ನಲ್ಲೇ ಮಾತಾಡಿಕೊಂಡು 29 ಜೈಲುಗಳಲ್ಲಿ ಒಟ್ಟಿಗೆ ದಂಗೆಯೆದ್ದರು. 2006ರ ಮೇ ತಿಂಗಳಲ್ಲಿ ಮತ್ತೊಂದು ದೊಡ್ಡ ವರ್ಗಾವಣೆ ನಡೆಯಿತು. ಅದಕ್ಕೆ ಪಿಸಿಸಿಯ ಉತ್ತರವಾಗಿ ಪೊಲೀಸ್ ಠಾಣೆಗಳ ಮೇಲೆ ಗುಂಡು ಹಾರಿತು, ಬಸ್ಸುಗಳು ಸುಟ್ಟವು, ಸಾವೊ ಪೌಲೊ ಬಾಗಿಲು ಹಾಕಿ ಕೂತಿತು. ಆ ದಿನಗಳಲ್ಲಿ 500ಕ್ಕೂ ಹೆಚ್ಚು ಜನ ಸತ್ತರು. ಅವರಲ್ಲಿ ಪೊಲೀಸರಿಗಿಂತ ಬಹಳ ಹೆಚ್ಚಾಗಿ ಇದ್ದವರು ಬಡ ಬಡಾವಣೆಗಳ ಹುಡುಗರು. ಪೊಲೀಸರೂ ಮುಸುಕುಧಾರಿಗಳೂ ಸೇಡಿಗೆ ಬಿದ್ದು ಅವರನ್ನು ಕೊಂದರು. ಆ ಹುಡುಗರ ತಾಯಂದಿರು ಇಂದಿಗೂ ನ್ಯಾಯ ಕೇಳುತ್ತಿದ್ದಾರೆ. ಈ ಭಾಗವನ್ನು ಬಿಟ್ಟು ಪಿಸಿಸಿಯ ಕಥೆ ಹೇಳುವುದು ಅನ್ಯಾಯ.

ಆಮೇಲೆ ಪಿಸಿಸಿ ಬಲುಬೇಗ ಬೆಳೆಯಿತು. ಪರಾಗ್ವೆ, ಬೊಲಿವಿಯಾಗಳಿಂದ ಬರುವ ಕೊಕೇನ್ ಅದರ ಕೈಯಿಂದ ಸಾಂತೋಸ್ ಬಂದರು ಹಾದು ಯುರೋಪಿಗೆ ಸಾಗತೊಡಗಿತು. ನಾಯಕ ಮಾರ್ಕೋಲನನ್ನು 2019ರಲ್ಲಿ ಕೇಂದ್ರ ಸರಕಾರದ ಜೈಲಿಗೆ ಒಯ್ದರು, ವ್ಯಾಪಾರ ನಿಲ್ಲಲಿಲ್ಲ. 2025ರ ಆಗಸ್ಟ್‌ನಲ್ಲಿ ಅಧಿಕಾರಿಗಳು ಪಿಸಿಸಿಯ ಹಣದ ಜಾಡು ಹಿಡಿದು ಹೊರಟಾಗ ತಲುಪಿದ್ದು ಪೆಟ್ರೋಲ್ ಬಂಕುಗಳಿಗೆ, ಹೂಡಿಕೆ ನಿಧಿಗಳಿಗೆ, ಸಾವೊ ಪೌಲೊದ ಹಣಕಾಸು ಕಂಪನಿಗಳು ಸಾಲಾಗಿ ನಿಂತಿರುವ ಫಾರಿಯಾ ಲಿಮಾ ರಸ್ತೆಗೆ.