ಮುಹೂರ್ತ ಮತ್ತೆ ಬಂದೀತು



ಲಗ್ನಕ್ಕೆ ನಾಲ್ಕು ದಿನವಿರುವಾಗ ವಧುವಿಗೆ ಸೀತಾಳೆ ಸಿಡುಬು ಎದ್ದಿತೆಂದು ತಂದೆಯೊಬ್ಬರು ನಮ್ಮಲ್ಲಿಗೆ ಬಂದು ಕಣ್ಣೀರಿಟ್ಟರು. “ಹಂದರ ಹಾಕಿಯಾಗಿದೆ, ಬುದ್ಧೀ; ಬೀಗರು ಅಪಶಕುನವೆನ್ನುತ್ತಾರೆ” ಎಂದರು.

ನಾವು ಹೇಳಿದೆವು: ಶಕುನದ ಮಾತು ಬಿಡಿರಿ, ಇದು ಅಂಟುರೋಗ. ಗುಳ್ಳೆಗಳೆಲ್ಲ ಒಣಗಿ ಹಕ್ಕಳೆಗಟ್ಟುವವರೆಗೆ, ಸಾಮಾನ್ಯವಾಗಿ 5ರಿಂದ 7 ದಿನ, ಪರರಿಗೆ ತಗಲುತ್ತದೆ. ಹಂದರದಲ್ಲಿ ಬಸುರಿಯರಿರುತ್ತಾರೆ, ಹಸುಗೂಸುಗಳಿರುತ್ತವೆ. ಅವರಿಗೆ ಪ್ರಾಣಾಂತಿಕವೂ ಆದೀತು. ವೈದ್ಯರಿಗೆ ತೋರಿಸಿರಿ, ಲಗ್ನವನ್ನು ಮುಂದೂಡಿರಿ. ದಿನಗಳೆಲ್ಲ ಶಿವನವೇ, ಮುಹೂರ್ತ ಮತ್ತೊಂದು ಬಂದೀತು.

ಬಿಚ್ಚಿದ ಹಂದರವನ್ನು ಮತ್ತೆ ಕಟ್ಟಬಹುದು; ಒಡೆದ ಮನಸ್ಸನ್ನು ಕಟ್ಟುವುದು ಕಷ್ಟ. ಜ್ವರದಲ್ಲಿ ಮಲಗಿದವಳ ಕಿವಿಗೆ ‘ಕಾಲ್ಗುಣ’ವೆಂಬ ಮಾತು ಬೀಳದಿರಲಿ. ವರನಾದವನು ದಿನಾಂಕ ಕೇಳುವ ಮೊದಲು ‘ಈಗ ಹೇಗಿದ್ದೀಯೆ?’ ಎಂದು ಕೇಳಲಿ. ಆ ಒಂದು ಮಾತಿನಿಂದಲೇ ದಾಂಪತ್ಯ ಆರಂಭವಾಗುತ್ತದೆ.